ಎರಡು ಸಲ ಎಳೆದರೆ

…ಬೇಡ, ಕಿಟಕಿ ತೆಗೀಬೇಡ, ಕಾಗದ ಹಾರುತ್ತೆ. ಕೂತ್ಕೋ. ಹೂಂ… ಹಾಗೆ. ನಾನು ಇದರ ಮೇಲೆ ಕೈ ಇಟ್ಕೊಂಡಿರ್ತೀನಿ. ಯಾಕೆ ಹಾಗೆ ನೋಡ್ತೀಯ? ಹರಿಯಲ್ಲ ಕಣೇ! ಹರಿದ್ರೆ ತಾನೆ ಏನು ಬಂತು, ಸಂಧಾನದ ಮೇಡಂ ಹತ್ರ ಇನ್ನೂ ಎರಡು ಪ್ರತಿ ಇದೆ. ಹರಿಯೋಕೆ ಬಂದವನಲ್ಲ ನಾನು.

ಅರ್ಧ ಗಂಟೆ ಅಂದಿದ್ದಾರೆ. ‘ನಾನು ಹೊರಗೆ ಇರ್ತೀನಿ, ಕೊನೇ ಸಲ ಇಬ್ಬರೇ ಕೂತು ಮಾತಾಡ್ಕೊಳ್ಳಿ, ಆಮೇಲೆ ಸಹಿ’ ಅಂತ. ಸಹಿ ಅಂದ್ರೆ ನನ್ನದು. ನಿನ್ನದು ಆಗಿದೆ. ನೋಡಿದೆ ನಾನು, ಎಂಟು ಪುಟಕ್ಕೂ ಸರ್ರಂತ ಎಳೆದ್ಬಿಟ್ಟೆ! ಹನ್ನೊಂದು ವರ್ಷದ ಸಂಸಾರಕ್ಕೆ ಅಷ್ಟೇ ಶಾಯಿ ಸಾಕಾಯ್ತಾ? ನಗಬೇಡ. ನಗ್ತಿಲ್ವಾ? ಸರಿ, ನಗ್ತಿಲ್ಲ ಬಿಡು. ಬಾಯಿ ಸ್ವಲ್ಪ ಕೊಂಕಾಯ್ತು, ನಗು ಅಂದ್ಕೊಂಡೆ.

ದುಂಡು ಟೇಬಲ್ಲು ಯಾಕೆ ಹಾಕಿದ್ದಾರೆ ಗೊತ್ತಾ ಇಲ್ಲಿ? ಗುಮಾಸ್ತ ಹೇಳಿದ. ತುದಿ ಇರಬಾರದಂತೆ. ತುದಿ ಇದ್ರೆ ಅಲ್ಲಿ ಕೂತವನು ದೊಡ್ಡವನಾಗ್ತಾನಂತೆ. ನಮ್ಮಿಬ್ಬರ ಮಧ್ಯೆ ಯಾವತ್ತು ದೊಡ್ಡವರು ಚಿಕ್ಕವರು ಅಂತ ಇತ್ತು ಹೇಳು? ನೀನು ಕೆಳಗೆ, ನಾನು ಮೇಲೆ, ಅಷ್ಟೇ. ಅದೂ ಕೆಲಸದಲ್ಲಿ. ಮನೇಲಿ ಉಲ್ಟಾ!

ಮೂರು ತಿಂಗಳು ಆಯ್ತಲ್ಲೇ ಈ ರೂಮಿಗೆ ಬರೋಕೆ ಶುರು ಮಾಡಿ. ಏಳು ಸಿಟ್ಟಿಂಗು. ನಮ್ಮ ಮದುವೆ ಮಾತುಕತೆ ಕೂಡ ಏಳು ಸಲ ಆಗಿರಲಿಲ್ಲ. ನಿಮ್ಮಪ್ಪ ‘ಹುಡುಗ ಏನು ಓದಿದ್ದಾನೆ’ ಅಂದ್ರು, ನಾನು ‘ಆರನೇ ಕ್ಲಾಸಿನ ಕಿಟಕಿ ತನಕ’ ಅಂದೆ, ಅವರು ನಕ್ಕರು, ಮುಗೀತು ಮದುವೆ. ಬಿಡೋಕೆ ನೋಡು, ಮಂಚ ನಿನಗಂತೆ, ಹಾಸಿಗೆ ನನಗಂತೆ! ಮೇಡಂಗೇ ನಗು ಬಂತು. ಕನ್ನಡಕ ಮೂಗಿನ ತುದಿಗೆ ಇಳಿಸಿ, ‘ಅಲ್ಲ, ಹಾಸಿಗೆ ಎಲ್ಲಿ ಹಾಸ್ತೀರಿ?’ ಅಂದ್ರು. ನೆಲ ಇದೆಯಲ್ಲ ಮೇಡಂ ಅಂದೆ. ರೇಡಿಯೋಗೆ ಒಂದು ಮಧ್ಯಾಹ್ನ ಪೂರ್ತಿ ಹೋಯ್ತು. ಸೈಕಲ್ಲು ನನಗೆ, ರೂಮು ನಿನಗೆ. ಜೀವನಾಂಶ ಬೇಡ ಅಂದ್ಬಿಟ್ಟೆ ನೀನು, ಮೇಡಂ ಎರಡೆರಡು ಸಲ ಕೇಳಿದ್ರು. ಆಮೇಲೆ ಹಗ್ಗ. ನಾನು ಅದಕ್ಕೇ ಕಾಯ್ತಿದ್ದೆ ಕಣೇ, ಹಗ್ಗಕ್ಕೆ ಜಗಳ ಆಡ್ತೀಯ, ಆಡ್ಲಿ, ಆಡಿದ್ರೆ ಒಳ್ಳೇದು ಅಂತ. ‘ಹಗ್ಗ?’ ಅಂದ್ರು ಮೇಡಂ. ‘ಅವರಿಗೇ’ ಅಂದೆ ನೀನು. ತಲೆ ಕೂಡ ಎತ್ತಲಿಲ್ಲ.

‘ಅವರಿಗೇ’! ಎಂಬತ್ತು ಮೀಟರ್ ಹಗ್ಗ ಇಟ್ಕೊಂಡು ನಾನೊಬ್ಬನೇ ಏನು ಮಾಡ್ಲಿ, ಬಟ್ಟೆ ಒಣಗಹಾಕ್ಲಾ?

ನೀರು ಕುಡೀತೀಯಾ? ಬೇಡ್ವಾ. ಸರಿ.

ಆ ಮೇಡಂಗೆ ನಮ್ಮ ಕೆಲಸ ಅರ್ಥ ಮಾಡಿಸೋದೇ ಒಂದು ಕೆಲಸ ಆಗಿತ್ತು. ‘ಗಾಜು ಒರೆಸೋರು ಅಂದ್ರೆ ಮನೆ ಮನೆ ಕಿಟಕೀನಾ?’ ಅಂತಾರೆ. ಅಲ್ಲ ಮೇಡಂ, ಹತ್ತು ಮಹಡಿ, ಹನ್ನೆರಡು ಮಹಡಿ ಆಫೀಸುಗಳು, ಹೊರಗಡೆಯಿಂದ. ಇವಳು ಹಲಗೆ ಮೇಲೆ ಕೂತು ಜೋತಾಡ್ತಾಳೆ, ನಾನು ತಾರಸಿ ಮೇಲೆ ಹಗ್ಗ ಹಿಡ್ಕೊಂಡಿರ್ತೀನಿ. ‘ಹೆಂಗಸನ್ನ ಇಳಿಸಿ ನೀವು ಮೇಲೆ ಕೂರ್ತೀರಾ?’ ಅಂತ ಹುಬ್ಬು ಹಾರಿಸಿದ್ರು. ಇವಳು ನಲವತ್ತೆರಡು ಕೆಜಿ, ನಾನು ಎಪ್ಪತ್ತೆಂಟು. ನಾನು ಇಳಿದ್ರೆ ಇವಳು ಮೇಲಿಂದ ಹಾರಿ ಬರ್ತಾಳೆ ಮೇಡಂ, ಬಾವಿ ರಾಟೆ ನೋಡಿಲ್ವಾ ಅಂದೆ. ಆಗ ನೀನು ನಕ್ಕೆ. ಸುಳ್ಳು ಹೇಳಬೇಡ, ನಕ್ಕೆ! ಎರಡನೇ ಸಿಟ್ಟಿಂಗಲ್ಲಿ. ಆ ನಗು ನೆಚ್ಕೊಂಡೇ ನಾನು ಇನ್ನೂ ಐದು ಸಲ ಬಂದೆ.

ಎಳೆತದ ಭಾಷೆ ಹೇಳಿದಾಗಂತೂ ಪೆನ್ನು ಕೆಳಗಿಟ್ಟು ಕೇಳಿದ್ರು. ಗಾಳಿಗೆ ಕೂಗಿದ್ದು ಕೇಳಲ್ಲ, ಫೋನು ಕೈಯಲ್ಲಿ ಹಿಡಿಯೋ ಹಾಗಿಲ್ಲ, ಅದಕ್ಕೆ ಹಗ್ಗದಲ್ಲೇ ಮಾತು. ಒಂದು ಸಲ ಎಳೆದ್ರೆ ‘ಇದ್ದೀಯಾ?’ ಅಂತ. ನಾನೂ ಒಂದು ಸಲ ಎಳೆದ್ರೆ ‘ಇದ್ದೀನಿ’. ಎರಡು ಸಲ ಅಂದ್ರೆ ‘ಇಳಿಸು’. ಮೂರು ಅಂದ್ರೆ ‘ಮೇಲಕ್ಕೆ’. ‘ಅಷ್ಟೇನಾ?’ ಅಂದ್ರು. ಅಷ್ಟೇ ಮೇಡಂ, ಹನ್ನೊಂದು ವರ್ಷ ಅಷ್ಟರಲ್ಲೇ ನಡೀತು ಅಂದೆ. ನೀನು ನೆಲ ಮುಟ್ಟಿ ಕೊಕ್ಕೆ ಬಿಚ್ಚಿದ್ರೆ ಅದಕ್ಕೆ ಎಳೆತಾನೂ ಬೇಡ. ಹಗ್ಗ ಹಗುರ ಆಗುತ್ತೆ. ದಿನಾ ಸಾಯಂಕಾಲ ಆಗೋದೇ ಅದು. ಆದ್ರೂ ನನಗೆ ಹೊಟ್ಟೆಯೊಳಗೆ ಒಂದು ಮೆಟ್ಟಿಲು ತಪ್ಪಿದ ಹಾಗೆ ಆಗ್ತಿತ್ತು… ಇದನ್ನ ನಿನಗೂ ಹೇಳಿರಲಿಲ್ಲ, ಅಲ್ವಾ?

ಹಲ್ಲೀ… ಏ ಹಲ್ಲಿ. ಹಾಗೆ ಕರೀಬಾರದಾ ಇನ್ಮೇಲೆ? ಗೋಡೆಗೆ ಅಂಟ್ಕೊಂಡಿರ್ತೀಯ ಅಂತ ನಾನಿಟ್ಟ ಹೆಸರು. ನೀನು ನನಗೆ ‘ಗೂಟ’ ಅಂತ ಇಟ್ಟೆ. ಊರೂರು ಅಲೆದವನಿಗೆ, ಕಾಲಿಗೆ ಚಕ್ರ ಕಟ್ಕೊಂಡು ಹುಟ್ಟಿದವನಿಗೆ, ಬೇಕರಿ, ಸರ್ಕಸ್ಸು, ಮೀನಿನ ದೋಣಿ ಅಂತ ಆರು ತಿಂಗಳಿಗೊಂದು ಕೆಲಸ ಬಿಟ್ಟವನಿಗೆ, ಗೂಟ! ನಿಮ್ಮಪ್ಪ ಬಿದ್ದು ಬಿದ್ದು ನಕ್ಕಿದ್ರು. ನನಗೆ ನಗು ಬರಲಿಲ್ಲ ಗೊತ್ತಾ. ಯಾರೂ ನನ್ನನ್ನ ಹಾಗೆ ಕರೆದಿರಲಿಲ್ಲ.

ಆಮೇಲೆ ನಾನು ಏನಾದ್ರೂ ಕಥೆ ಹೊಡೆದ್ರೆ, ಸರ್ಕಸ್ಸಿನ ಆನೆ ನನ್ನ ಟೋಪಿ ತಿಂದಿದ್ದು ಅಂತಾನೋ ಏನೋ, ನೀನು ತಲೆ ಓರೆ ಮಾಡಿ ಕೇಳಿ, ನಿಜ ಅನ್ನಿಸಿದ್ರೆ ‘ಲೊಚ್ ಲೊಚ್’ ಅಂತಿದ್ದೆ. ಹಲ್ಲಿ ಲೊಚ್ ಅಂದ್ರೆ ನಿಜ ತಾನೆ! ಸುಳ್ಳಾದ್ರೆ ಸುಮ್ನೆ ಇರ್ತಿದ್ದೆ. ಬರೀ ಸುಮ್ನೆ. ಅದಕ್ಕಿಂತ ಬೈಗುಳ ಎಷ್ಟೋ ವಾಸಿ.

ಏನು ನೋಡ್ತಿದ್ದೀಯ ಆ ಕಿಟಕೀಲಿ? ಕೊಳೆಯಾಗಿದೆ ಅಂತ ತಾನೆ? ಗೊತ್ತು ಬಿಡು, ನಿನ್ನ ಕೈ ಕಡೀತಿರುತ್ತೆ. ಆಸ್ಪತ್ರೆ ಲಾಂಡ್ರಿಗೆ ಸೇರಿ ವರ್ಷ ಆಯ್ತು, ಆದ್ರೂ ಗಾಜು ಕಂಡ್ರೆ ಬಿಡಲ್ಲ ಕಣ್ಣು. ಆ ಕಡೆ ಪಕ್ಕದ ಕಟ್ಟಡದ ಗೋಡೆ, ಮೊಳ ದೂರದಲ್ಲಿ. ಒರೆಸಿದ್ರೂ ಏನೂ ಕಾಣಲ್ಲ ಅಲ್ಲಿ.

ನೋಡು, ಸುತ್ತಿ ಬಳಸಿ ಮಾತಾಡೋಕೆ ನನಗೆ ಬರಲ್ಲ. ವಾಪಸ್ ಬಾ. ಹಾಂ, ಅಷ್ಟೇ. ಅದನ್ನ ಹೇಳೋಕೇ ಈ ಅರ್ಧ ಗಂಟೆ ಕೇಳಿದ್ದು ನಾನು. ಮೇಡಂ ಕೊಟ್ಟಿದ್ದಲ್ಲ, ನಾನು ಬೇಡಿ ಇಸ್ಕೊಂಡಿದ್ದು. ಲಾಂಡ್ರೀಲೇ ಇರು, ಬೇಡ ಅನ್ನಲ್ಲ. ಹಗ್ಗ ಮಾರಿಬಿಡ್ತೀನಿ. ನಾನೂ ಎಲ್ಲಾದ್ರೂ ಬಾಗಿಲು ಕಾಯೋ ಕೆಲಸ ಹಿಡೀತೀನಿ… ಕೂತ್ಕೊಂಡು ಮಾಡೋ ಕೆಲಸ. ನಾನು! ಕೂತ್ಕೊಂಡು!

ಏನಾದ್ರೂ ಅನ್ನು.

ನಾನು ಕುಡೀತೀನಾ? ಇಲ್ಲ. ಕೈ ಎತ್ತಿದ್ದೀನಾ? ಒಂದು ದಿನ? ಬೇರೆ ಹೆಂಗಸು, ಗಿಂಗಸು? ಅಯ್ಯೋ, ಒಬ್ಬಳಿಗೇ ಉಸಿರು ಸಾಲದು. ಮೊದಲನೇ ಸಿಟ್ಟಿಂಗಲ್ಲಿ ಮೇಡಂ ಕೇಳಿದ್ರು, ‘ಕಾರಣ ಏನಮ್ಮಾ?’ ನೀನು ಎರಡೇ ಶಬ್ದ ಹೇಳಿದೆ, ‘ಇವರಿಗೆ ಗೊತ್ತು.’ ನನ್ನ ಕಡೆ ತಿರುಗಿದ್ರು. ‘ನನಗೆ ಗೊತ್ತಿಲ್ಲ ಮೇಡಂ’ ಅಂದೆ. ಪಾಪ, ಅವರೇ ಒಂದು ಕಾರಣ ಬರ್ಕೊಂಡ್ರು, ‘ಪರಸ್ಪರ ಹೊಂದಾಣಿಕೆ ಇಲ್ಲ’ ಅಂತ. ಹೊಂದಾಣಿಕೆ ಇಲ್ವಂತೆ! ಎಂಬತ್ತು ಮೀಟರ್ ದೂರದಿಂದ ನಿನಗೆ ಸೀನು ಬಂದಿದ್ದು ಹಗ್ಗದಲ್ಲಿ ನನಗೆ ಗೊತ್ತಾಗ್ತಿತ್ತು ಕಣೇ. ಅದಕ್ಕಿಂತ ಹೊಂದಾಣಿಕೆ ಎಲ್ಲಾದ್ರೂ ಉಂಟಾ?

ಆ ದಿನದ ವಿಷಯ ತಾನೆ? ಹೇಳು. ಅದೇ ತಾನೆ ಮನಸ್ಸಲ್ಲಿ ಕೂತಿರೋದು? ಎಷ್ಟು ಸಲ ಹೇಳ್ಲಿ ಹೇಳು… ಸರಿ, ಇನ್ನೊಂದ್ಸಲ ಹೇಳ್ತೀನಿ. ಕೇಳು.

ರಜಾ ದಿನ. ಆಫೀಸಲ್ಲಿ ಒಂದು ನರಪಿಳ್ಳೆ ಇಲ್ಲ. ನೀನು ಏಳನೇ ಮಹಡಿ ಹತ್ರ ಇದ್ದೆ. ಸೋಪಿನ ನೀರು ಮುಗೀತು. ಹೊಸ ಡಬ್ಬಿ ಕೆಳಗೆ ಕಾವಲುಗಾರನ ಗೂಡಲ್ಲಿ. ಐದು ನಿಮಿಷದ ಕೆಲಸ ಅಂದ್ಕೊಂಡು, ಹಗ್ಗಾನ ನೀರಿನ ಟ್ಯಾಂಕಿನ ಕಬ್ಬಿಣದ ಕಂಬಕ್ಕೆ ಕಟ್ಟಿದೆ. ತಪ್ಪು, ಒಪ್ಪಿದೆ. ಕೈಯಿಂದ ಹಗ್ಗ ಬಿಡಬಾರದು ಅನ್ನೋದು ಮೊದಲನೇ ಪಾಠ, ಒಪ್ಪಿದೆ. ಲಿಫ್ಟಿಗೆ ಹತ್ತಿದೆ. ಮೂರನೇ ಮಹಡಿಗೂ ನಾಲ್ಕಕ್ಕೂ ಮಧ್ಯೆ ಠಕ್ ಅಂತ ನಿಂತ್ಕೊಂಡ್ತು. ಮೂರು ಗಂಟೆ! ಬಡಿದೆ, ಕೂಗಿದೆ, ಬೆವರಿ ಒದ್ದೆ ಆದೆ. ಕೊನೆಗೆ ಕಾವಲುಗಾರ ಎಲ್ಲಿಂದಲೋ ಬಂದು ಬಾಗಿಲು ಮೀಟಿದ. ಓಡಿ ಬಂದೆ ಮೇಲೆ, ಮೆಟ್ಟಿಲಲ್ಲೇ ಓಡಿ ಬಂದೆ. ನಿನ್ನ ಎಳ್ಕೊಂಡೆ. ಅಷ್ಟೇ ತಾನೆ ಆಗಿದ್ದು?

…ಆಗಲೂ ನೀನು ಸುಮ್ನೆ ಇದ್ದೆ. ಈಗಲೂ ಸುಮ್ನೆ.

ಅಲ್ಲ, ಒಂದು ಮಾತಾದ್ರೂ ಬೈದ್ಯಾ ಅವತ್ತು? ತುಟಿ ಬಿರುಕು ಬಿಟ್ಟಿತ್ತು ಬಿಸಿಲಿಗೆ. ಕಾಲು ಜೋಮು ಹಿಡಿದು ನಿಲ್ಲೋಕೆ ಆಗ್ತಿರಲಿಲ್ಲ. ನೀರು ಕುಡಿದೆ. ಹಗ್ಗ ಸುತ್ತಿದೆ. ನಾನು ಅಳೋ ಹಾಗಾಗಿ ಕೇಳ್ದೆ, ‘ಎಷ್ಟು ಸಲ ಎಳೆದ್ಯೋ ಏನೋ, ಪಾಪಿ ನಾನು’ ಅಂತ. ನೀನು ‘ಎಳೀಲಿಲ್ಲ’ ಅಂದೆ. ಒಂದ್ಸಲಾನೂ? ‘ಒಂದ್ಸಲಾನೂ.’ ನನ್ನ ಕಣ್ಣಲ್ಲಿ ನೀರು ಬಂತು ಕಣೇ. ಮೂರು ಗಂಟೆ ಜೋತಾಡ್ತಾ ಒಂದ್ಸಲ ಕೂಡ ‘ಇದ್ದೀಯಾ’ ಅಂತ ಕೇಳಲಿಲ್ಲ ಅಂದ್ರೆ, ಎಷ್ಟು ನಂಬಿಕೆ ಇವಳಿಗೆ ನನ್ನ ಮೇಲೆ! ಕಂಡಕಂಡವರಿಗೆಲ್ಲ ಹೇಳ್ಕೊಂಡು ತಿರುಗಿದೆ. ನಿಮ್ಮಣ್ಣನಿಗೆ ಹೇಳ್ದೆ, ಕಾವಲುಗಾರನಿಗೆ ಹೇಳ್ದೆ…

ಏನು? ಏನಿಲ್ಲ, ಕಾವಲುಗಾರನಿಗೆ ಅಂದೆ. ಅವನಿಗೆ ಗೊತ್ತೇ ಇತ್ತು ಬಿಡು, ಅವನೇ ತಾನೆ ಬಾಗಿಲು ಮೀಟಿದ್ದು. ನಿಮ್ಮಣ್ಣನಿಗೆ ಹೇಳ್ದೆ. ಅಷ್ಟೇ.

ಮತ್ತೆ ಆ ಗಾಜು! ಅದನ್ನ ನೆನೆಸ್ಕೊಂಡ್ರೆ ನನಗೆ ಈಗಲೂ ಸೋಜಿಗ. ಕೈ ಚಾಚಿದ್ರೆ ಆಚೆ ಈಚೆ ಎರಡೆರಡು ಗಾಜು ಸಿಗುತ್ತೆ. ನೀನು ಒಂದೇ ಗಾಜು ಒರೆಸಿದ್ದೆ. ಮೂರು ಗಂಟೆ ಒಂದೇ ಗಾಜು. ಇಡೀ ಗೋಡೆ ಧೂಳು, ಮಧ್ಯೆ ಅದೊಂದು ಥಳಥಳ ಅಂತ… ‘ಹರಳು ತೇಯ್ತಿದ್ಯೇನೇ’ ಅಂತ ತಮಾಷೆ ಮಾಡ್ದೆ. ನೆನಪಿದೆಯಾ?

ಮತ್ತೆ ಅದೇ ಕಿಟಕಿ. ಅಲ್ಲ ಮಹರಾಯ್ತಿ, ನಾನು ಇಲ್ಲಿದ್ದೀನಿ! ಇಲ್ಲಿ, ಈ ಕಡೆ! ಗೋಡೇಲಿ ಏನಿದೆ ಅಂತ ಕಣ್ಣು ಕೀಳದೆ… ಮಾತಾಡಬೇಡ, ಪರವಾಗಿಲ್ಲ, ನನ್ನ ಮುಖ ಆದ್ರೂ ನೋಡು ಅಂದ್ರೆ…

ಈಗ ನಾನು ಕೈ ಎತ್ತಿದ ತಕ್ಷಣ ನಿನ್ನ ಕಣ್ಣು ಮೇಲಕ್ಕೆ ಹೋಯ್ತು.

ಇಳಿಸಿದೆ. ಇಳೀತು.

ತಾಳು… ನೀನು ಗೋಡೆ ನೋಡ್ತಿಲ್ಲ. ಗಾಜೊಳಗೆ… ಗಾಜೊಳಗೆ ನನ್ನನ್ನೇ ನೋಡ್ತಿದ್ದೀಯ. ಬಂದಾಗಿಂದ. ಅಲ್ವಾ?

ಹಾಗೇ ತಾನೆ ನೀನು ಯಾವಾಗಲೂ. ಮೇಲೆ ಬಂದು ಕಥೆ ಹೇಳ್ತಿದ್ದೆ, ಔಷಧಿ ಅಂಗಡಿಯವನು ಕೆಮ್ಮಿನ ಸಿರಪ್ಪು ತಾನೇ ಕದ್ದು ಚಪ್ಪರಿಸ್ತಾನೆ, ಪೋಸ್ಟಿನವನು ಬೆಂಚಿನ ಮೇಲೆ ನಿದ್ದೆ ಹೊಡೀತಾನೆ. ರಸ್ತೆ ಬೆನ್ನ ಹಿಂದೆ ಇದೆ, ನಿನಗೆ ಬೆನ್ನಲ್ಲಿ ಕಣ್ಣಾ ಅಂದ್ರೆ, ‘ಒರೆಸಿದ ಗಾಜೊಳಗೆ ಇಡೀ ರಸ್ತೆ ಕಾಣುತ್ತೆ ಗೂಟ, ಒಂದ್ಸಲ ನೀನೂ ಇಳಿದು ನೋಡು’ ಅಂತಿದ್ದೆ. ನಾನು ಇಳೀಲಿಲ್ಲ. ಹನ್ನೊಂದು ವರ್ಷದಲ್ಲಿ ಒಂದ್ಸಲಾನೂ ಇಳೀಲಿಲ್ಲ. ಮೇಲೆ ಕೂತವನಿಗೆ ಬರೀ ಹಗ್ಗ, ಆಕಾಶ.

ಅವತ್ತು ನೀನಿದ್ದಿದ್ದು ಹಿಂದಿನ ಗೋಡೇಲಾ? ಹಿಂದಿನ ಗೋಡೆ ಅಂತ ಹೇಳು. ಹೇಳೇ!

…ರಸ್ತೆ ಕಡೆ.

ಅದಕ್ಕೇ ನೀನು ಎಳೀಲಿಲ್ಲ.

ದೇವರೇ. ಮೇಲೆ ಯಾರೂ ಇಲ್ಲ ಅಂತ ನಿನಗೆ ಗೊತ್ತಿತ್ತು. ಯಾರನ್ನ ಕೇಳ್ತೀಯ ‘ಇದ್ದೀಯಾ’ ಅಂತ, ಕಂಬಾನಾ? ನೀನು ನೋಡಿದ್ದೆ. ಮುಂದಿನ ಬಾಗಿಲಿಂದ ನಾನು… ಬ್ಯಾಗು ಕೂಡ ನೋಡಿದ್ಯಾ? ಆ ಹಸಿರು ಬ್ಯಾಗು? ಟ್ಯಾಂಕಿನ ಹಿಂದೆ ಬೆಳಗ್ಗೇನೇ ಇಟ್ಟಿದ್ದೆ. ಹೆಗಲಿಗೆ ಹಾಕ್ಕೊಂಡು ರಸ್ತೆ ದಾಟಿದ್ದು, ಬಸ್ಸಿಗೆ ಕೈ ಅಡ್ಡ ಹಾಕಿದ್ದು, ಹತ್ತಿದ್ದು, ಎಲ್ಲಾ ಆ ಒಂದೇ ಗಾಜೊಳಗೆ… ಹಿಂದಿನ ಬಾಗಿಲಿತ್ತು ಕಣೇ ಆ ಕಟ್ಟಡಕ್ಕೆ. ನನಗೆ ಹೊಳೀಲೇ ಇಲ್ಲ. ಗಾಜು ಒರೆಸೋಳು ಗಾಜು ಮಾತ್ರ ನೋಡ್ತಾಳೆ ಅಂದ್ಕೊಂಡೆ.

ಅಂದ್ರೆ ಆ ಮೂರು ಗಂಟೆ ನೀನು ಒರೆಸ್ತಾ ಇದ್ದಿದ್ದು… ಬೇಡ. ಹೇಳಬೇಡ. ಗೊತ್ತಾಯ್ತು. ರಸ್ತೆ ಮಸುಕಾಗದ ಹಾಗೆ ನೋಡ್ಕೊಳ್ತಿದ್ದೆ. ನಾನು ‘ಹರಳು ತೇಯ್ತಿದ್ಯೇನೇ’ ಅಂತ ತಮಾಷೆ ಮಾಡ್ದೆ.

ಬಂದು ಲಿಫ್ಟು ಅಂದೆ. ನೀನು ನೀರು ಕುಡಿದು ಲೋಟ ಕೆಳಗಿಟ್ಟೆ. ಆಮೇಲೂ ನಾಲ್ಕು ತಿಂಗಳು ನನ್ನ ಜೊತೆ ಇದ್ದೆ. ಊಟ ಬಡಿಸಿ ಎದುರಿಗೆ ಕೂತ್ಕೊಳ್ತಿದ್ದೆ, ತಲೆ ಓರೆ ಮಾಡಿ. ನಾನು ಬಂದವರಿಗೆಲ್ಲ ಲಿಫ್ಟಿನ ಕಥೆ… ಪ್ರತಿ ಸಲಾನೂ ಒಂದಿಷ್ಟು ಉಪ್ಪು ಖಾರ ಹಚ್ಚಿ… ನೀನು ಕಾಯ್ತಿದ್ದೆ, ಅಲ್ವಾ? ಇವತ್ತು ಹೇಳ್ತಾನೆ, ನಾಳೆ ಹೇಳ್ತಾನೆ. ಇವತ್ತು ಕೂಡ, ಈಗ ಹತ್ತು ನಿಮಿಷದ ಹಿಂದೆ ಕೂಡ, ‘ಸರಿ, ಇನ್ನೊಂದ್ಸಲ ಹೇಳ್ತೀನಿ’ ಅಂದಾಗ ನೀನು ತಲೆ ಓರೆ ಮಾಡಿದೆ. ನಾನು ನೋಡಿದೆ. ನೋಡಿ ಕೂಡ ಮತ್ತೆ ಲಿಫ್ಟಿಗೇ ಹತ್ತಿದೆ.

ಎಲ್ಲಿಗೆ ಹೊರಟಿದ್ದೆ ಅಂತ ಕೇಳಲ್ವಾ? ಯಾರೋ ಹೇಳಿದ್ದ, ಸಮುದ್ರದ ಕಡೆ ಹಡಗಿಗೆ ಬಣ್ಣ ಬಳಿಯೋ ಕೆಲಸ ಇದೆ ಅಂತ. ಅಷ್ಟೇ. ನಿನ್ನ ಮೇಲೆ ಕೋಪ ಇರಲಿಲ್ಲ. ಏನೂ ಇರಲಿಲ್ಲ. ಬೆಳಗ್ಗೆ ಎದ್ದಾಗ ಕಾಲು ತುರಿಸ್ತಿತ್ತು, ಅಷ್ಟೇ… ಜೋತಾಡ್ತಾ ಇದ್ದಿದ್ದು ನೀನು, ಕಟ್ಟಿಹಾಕಿದ ಹಾಗಿದ್ದಿದ್ದು ನಾನು. ನಗು ಬರುತ್ತಾ? ಬರಲ್ಲ. ನಿನ್ನ ಇಳಿಸಿ ಆದ್ರೂ ಹೋಗಬಹುದಿತ್ತಲ್ಲ ಅಂತೀಯ. ಇಳಿಸಿದ್ರೆ ನೀನು ಎದುರಿಗೆ ನಿಂತಿರ್ತಿದ್ದೆ. ಎದುರಿಗೆ ನಿಂತವರನ್ನ ಬಿಟ್ಟು ಹೋಗೋಕೆ ನನಗೆ ಯಾವತ್ತೂ ಆಗಿಲ್ಲ. ಬೇಕರಿ ಬಿಟ್ಟಾಗ ಯಜಮಾನ ಮಲಗಿದ್ದ. ಮನೆ ಬಿಟ್ಟಾಗ ಅಮ್ಮ ನೀರಿಗೆ ಹೋಗಿದ್ದಳು.

ಮತ್ತೆ ಯಾಕೆ ವಾಪಸ್ ಬಂದೆ ಅಂತಾನೂ ಕೇಳಲ್ವಾ?

ನಿನ್ನ ನೆನಪಾಗಿ ಬಂದೆ ಅಂದ್ರೆ ಚೆನ್ನಾಗಿರುತ್ತೆ. ಅದನ್ನ ನಂಬ್ಕೊಂಡೇ ಇದ್ದೆ ನಾನು ಕೂಡ, ಎಷ್ಟೋ ದಿನ. ಅಲ್ಲ ಕಣೇ. ಗಂಟು. ಕಂಬಕ್ಕೆ ಎರಡನೇ ಸುತ್ತು ಹಾಕಿದ್ನೋ ಇಲ್ವೋ ನೆನಪಾಗಲಿಲ್ಲ. ಬಸ್ಸಲ್ಲಿ ಕೂತು ಗಾಳಿಯಲ್ಲೇ ಕೈ ಆಡಿಸಿ ಆಡಿಸಿ ನೋಡಿದೆ, ಹೀಗೆ ತಂದು, ಹೀಗೆ ಒಳಗೆ ಹಾಕಿ… ಪಕ್ಕದ ಮುದುಕಿ ‘ಏನಪ್ಪಾ ಹೆಣೀತಿದ್ದೀಯ’ ಅಂದ್ಲು. ಒಂದೂವರೆ ಗಂಟೆ ಹೋದೆ, ಇಳಿದೆ, ಒಂದೂವರೆ ಗಂಟೆ ವಾಪಸ್ ಬಂದೆ. ಓಡಿ ಹೋಗಿ ಮೊದಲು ನೋಡಿದ್ದು ನಿನ್ನನ್ನಲ್ಲ. ಕಂಬಾನ. ಇತ್ತು. ಎರಡನೇ ಸುತ್ತು ಗಟ್ಟಿಯಾಗೇ ಇತ್ತು. ಕೈ ತನ್ನ ಪಾಡಿಗೆ ಹಾಕಿಬಿಟ್ಟಿತ್ತು.

ಅದು ನೆನಪಾಗಿದ್ರೆ…

ಬಸ್ಸಲ್ಲೇ ನೆನಪಾಗಿದ್ರೆ ನಾನು ಇಳೀತಿರಲಿಲ್ಲ.

ಏನಂದೆ? ಲೊಚ್ ಅಂದ್ಯಾ ಈಗ? …ಇಲ್ಲ. ಫ್ಯಾನು. ತಿರುಗ್ತಾ ಅದೊಂದು ಶಬ್ದ ಮಾಡ್ತಿದೆ ಆಗಿಂದ.

ಹೊರಗೆ ಮೇಡಂ ಚಪ್ಪಲಿ ಸದ್ದು. ಅರ್ಧ ಗಂಟೆ ಆಗಿರಬೇಕು. ಈ ಗೋಡೆ ಗಡಿಯಾರ ಐದು ನಿಮಿಷ ಮುಂದಿದೆ, ಇನ್ನೂ ಐದು ನಿಮಿಷ… ಏನು? ಯಾಕೆ ಬಗ್ಗಿದೆ? ಓ, ಕಾಗದ. ಇದೆ ಇದೆ, ನನ್ನ ಕೈ ಕೆಳಗೇ ಇದೆ. ಆ ತುದಿ ಹಿಡ್ಕೊಂಡ್ಯಾ…

ಎಳೆದೆ. ಒಂದ್ಸಲ! ಇದ್ದೀನಿ, ಇದ್ದೀನಿ ಕಣೇ ಹಲ್ಲಿ, ಇಲ್ಲೇ ಇದ್ದೀನಿ, ನೋಡು, ನಾನೂ ಎಳೀತೀನಿ, ಇದೋ…

…ಇನ್ನೊಂದು.

ಎರಡು.

ಹೂಂ. ಸರಿ… ಸರಿ. ಪೆನ್ನು ಇತ್ತ ಕೊಡು. ಎಂಟೂ ಪುಟಕ್ಕಾ? ಎಂಟಕ್ಕೂ ಹಾಕ್ತೀನಿ. ನಿಧಾನಕ್ಕೆ ಇಳಿಸ್ತೀನಿ, ಜಗ್ಗದ ಹಾಗೆ. ನೀನು ಏನೂ ಹೇಳೋದು ಬೇಡ. ನೆಲ ಮುಟ್ಟಿದ್ದು ನನಗೇ ಗೊತ್ತಾಗುತ್ತೆ.